ಅರ್ಧ ಮೈಲಿಯ ಸುತ್ತು: ಮಾರ್ಟಿನ್ಸ್‌ವಿಲ್ ಮತ್ತು ಅಮೆರಿಕದ ಸಣ್ಣ ರೇಸ್ ಟ್ರ್ಯಾಕ್‌ಗಳ ಚರಿತ್ರೆ

ಅಮೆರಿಕದ ವರ್ಜೀನಿಯಾ ರಾಜ್ಯದ ದಕ್ಷಿಣದ ಅಂಚಿನಲ್ಲಿ, ನಾರ್ತ್ ಕೆರೊಲಿನಾ ಗಡಿಗೆ ಸಮೀಪವಾಗಿ ಇರುವ ಮಾರ್ಟಿನ್ಸ್‌ವಿಲ್ ಸ್ಪೀಡ್‌ವೇ ಸ್ಟಾಕ್ ಕಾರ್ ಓಟಕ್ಕೆಂದೇ ಕಟ್ಟಿದ ಟ್ರ್ಯಾಕ್. ಒಂದು ಸುತ್ತಿನ ಉದ್ದ 0.526 ಮೈಲಿ, ಅಂದರೆ ಸುಮಾರು 847 ಮೀಟರ್. ತಲಾ 800 ಅಡಿಯ ಎರಡು ನೇರ ದಾರಿಗಳು, ಅವನ್ನು ಎರಡೂ ತುದಿಯಲ್ಲಿ ಕೂಡಿಸುವ ಇಕ್ಕಟ್ಟಾದ ತಿರುವುಗಳು. ಮೇಲಿನಿಂದ ನೋಡಿದರೆ ಕಾಗದಕ್ಕೆ ಸಿಕ್ಕಿಸುವ ಕ್ಲಿಪ್ಪಿನ ಆಕಾರ. ತಿರುವುಗಳಲ್ಲಿ ನೆಲ ಒಳಮುಖವಾಗಿ 12 ಡಿಗ್ರಿಯಷ್ಟು ಮಾತ್ರ ಬಾಗಿದೆ. ನಾಸ್ಕಾರ್ ಸಂಸ್ಥೆಯ ಅತ್ಯುನ್ನತ ದರ್ಜೆಯ ಓಟಗಳು ನಡೆಯುವ ಜಾಗಗಳಲ್ಲಿ ಇದು ಅತಿ ಚಿಕ್ಕವುಗಳಲ್ಲೊಂದು. 1949ರಲ್ಲಿ ಆ ದರ್ಜೆಯ ಮೊದಲ ಋತು ಎಂಟು ಕಡೆ ನಡೆಯಿತು; ಅಂದಿನಿಂದ ಇಂದಿನವರೆಗೆ ಒಂದು ವರ್ಷವೂ ತಪ್ಪದೆ ಪಟ್ಟಿಯಲ್ಲಿ ಉಳಿದದ್ದು ಮಾರ್ಟಿನ್ಸ್‌ವಿಲ್ ಒಂದೇ.

ಒಂದು ಮೈಲಿಗಿಂತ ಕಡಿಮೆ ಸುತ್ತಳತೆಯ ಓವಲ್ ಅನ್ನು ಈ ಆಟದವರು ಶಾರ್ಟ್ ಟ್ರ್ಯಾಕ್ ಎನ್ನುತ್ತಾರೆ. ಅವುಗಳಲ್ಲಿ ಅರ್ಧ ಮೈಲಿಯವು ಬಹಳ. ಈ ಅಳತೆಯನ್ನು ಕೊಟ್ಟದ್ದು ಕುದುರೆ. ಹತ್ತೊಂಬತ್ತನೆಯ ಶತಮಾನದ ಅಮೆರಿಕದಲ್ಲಿ ಸುಗ್ಗಿಯ ಹೊತ್ತಿಗೆ ಕೌಂಟಿಗೊಂದರಂತೆ ಕೃಷಿ ಜಾತ್ರೆ ಸೇರುತ್ತಿತ್ತು. ದನ, ಜೋಳ, ಕುಂಬಳಕಾಯಿಗಳ ಪ್ರದರ್ಶನದ ಜೊತೆಗೆ ಗಾಡಿ ಕಟ್ಟಿದ ಕುದುರೆಗಳ ಓಟವೂ ಇರುತ್ತಿತ್ತು. ಅದಕ್ಕಾಗಿ ಜಾತ್ರೆಯ ಮೈದಾನಗಳಲ್ಲಿ ಅರ್ಧ ಮೈಲಿಯ ಮಣ್ಣಿನ ಸುತ್ತುದಾರಿ, ಪಕ್ಕದಲ್ಲಿ ಮರದ ಮೆಟ್ಟಿಲುಸಾಲು ಕಟ್ಟುವುದು ರೂಢಿ. ಮೋಟಾರು ಬಂದ ಮೇಲೆ ಕುದುರೆ ಓಡಿದ ದಾರಿಯಲ್ಲೇ ಕಾರು ಓಡಿತು. ಮುಂದೆ ಕಾರಿಗಾಗಿಯೇ ಹೊಸ ಟ್ರ್ಯಾಕ್ ಕಟ್ಟಿದವರಿಗೂ ಆ ಅಳತೆ ಅನುಕೂಲವಾಗಿಯೇ ಕಂಡಿತು. ಒಬ್ಬ ರೈತನ ಹೊಲದಷ್ಟು ಜಾಗ, ಬಾಡಿಗೆಯ ಬುಲ್ಡೋಜರ್ ಒಂದು, ಸುತ್ತ ಒಂದು ಬೇಲಿ ಸಾಕಿತ್ತು. ಕುಳಿತಲ್ಲಿಂದಲೇ ಪ್ರೇಕ್ಷಕನಿಗೆ ಇಡೀ ಓಟ ಕಣ್ಣೆದುರಿಗಿರುತ್ತಿತ್ತು. ಯಾವ ಕಾರೂ ಗುಡ್ಡದ ಹಿಂದೆ ಮರೆಯಾಗುತ್ತಿರಲಿಲ್ಲ. ಯುರೋಪಿನ ಹೆದ್ದಾರಿ ಓಟಗಳಿಂದ ಅಮೆರಿಕದ ಓವಲ್ ಓಟವನ್ನು ಬೇರೆ ಮಾಡುವ ಮುಖ್ಯ ಗುಣ ಇದೇ.

ಕಾರುಗಳ ಕತೆಗೆ ಬೇರೊಂದು ಮೂಲವಿದೆ. ಅಮೆರಿಕದಲ್ಲಿ 1920ರಿಂದ 1933ರವರೆಗೆ ಪಾನನಿರೋಧ ಜಾರಿಯಲ್ಲಿತ್ತು. ಅದು ತೆರವಾದ ಮೇಲೂ ತೆರಿಗೆ ಕಟ್ಟದೆ ಕಾಯಿಸಿದ ಕಳ್ಳಭಟ್ಟಿಗೆ ಬೇಡಿಕೆ ತಗ್ಗಲಿಲ್ಲ. ಅಪಲೇಚಿಯನ್ ಬೆಟ್ಟಗಳ ಬಡ ರೈತರಿಗೆ ಜೋಳವನ್ನು ಜೋಳವಾಗಿ ಮಾರುವುದಕ್ಕಿಂತ ಸಾರಾಯಿಯಾಗಿ ಮಾರುವುದರಲ್ಲಿ ನಾಲ್ಕು ಕಾಸು ಹೆಚ್ಚು ಸಿಗುತ್ತಿತ್ತು. ಬೆಟ್ಟದ ಮೇಲೆ ಕಾಯಿಸಿದ್ದನ್ನು ರಾತ್ರೋರಾತ್ರಿ ಪಟ್ಟಣಕ್ಕೆ ಇಳಿಸುವುದು ಹುಡುಗರ ಕೆಲಸ. ಫೋರ್ಡ್ ಕಂಪನಿ 1932ರಲ್ಲಿ ಅಗ್ಗದ ಕಾರಿಗೂ ಎಂಟು ಸಿಲಿಂಡರಿನ ವಿ-8 ಎಂಜಿನ್ ಕೂರಿಸಿದ್ದು ಅವರಿಗೆ ವರವಾಯಿತು. ಹೊರಗಿನಿಂದ ನೋಡಿದರೆ ಸಾಮಾನ್ಯ ಕುಟುಂಬದ ಕಾರು. ಒಳಗೆ ಹಿಂದಿನ ಸೀಟು ತೆಗೆದು ಸರಕು ತುಂಬಿರುತ್ತಿದ್ದರು, ಭಾರಕ್ಕೆ ಹಿಂಭಾಗ ಕುಸಿದು ಅಬಕಾರಿಯವರ ಕಣ್ಣಿಗೆ ಬೀಳದಂತೆ ಗಟ್ಟಿ ಸ್ಪ್ರಿಂಗುಗಳನ್ನು ಹಾಕಿರುತ್ತಿದ್ದರು. ದೀಪ ಆರಿಸಿಕೊಂಡು ತಿರುವುಮುರುವಿನ ಕಚ್ಚಾ ರಸ್ತೆಯಲ್ಲಿ ಧಾವಿಸುತ್ತಿದ್ದ ಇವರಿಗೆ ಜಾರುವ ಕಾರನ್ನು ಹಿಡಿತದಲ್ಲಿಡುವ ವಿದ್ಯೆ ಹೊಟ್ಟೆಪಾಡಿನಿಂದಲೇ ಬಂದದ್ದು. ಯಾರ ಕಾರು ವೇಗದ್ದು ಎಂಬ ಪಂತ ಭಾನುವಾರ ಮಧ್ಯಾಹ್ನ ಯಾವುದಾದರೂ ಹೊಲದಲ್ಲಿ ತೀರ್ಮಾನವಾಗುತ್ತಿತ್ತು. ಸ್ಟಾಕ್ ಕಾರ್ ಓಟ ಹುಟ್ಟಿದ್ದು ಪೂರ್ತಿ ಇಲ್ಲಿಂದಲೇ ಎನ್ನುವುದು ಅತಿಶಯೋಕ್ತಿ. ಫ್ಲಾರಿಡಾದ ಡೇಟೋನಾ ಕಡಲತೀರದ ಓಟಗಳಿಗೆ ಸ್ವತಂತ್ರವಾದ ಚರಿತ್ರೆಯಿದೆ. ಆದರೆ ದಕ್ಷಿಣದ ಸಣ್ಣ ಟ್ರ್ಯಾಕುಗಳಿಗೆ ಮೊದಲ ಚಾಲಕರನ್ನು, ಮೆಕ್ಯಾನಿಕ್‌ಗಳನ್ನು, ಎಷ್ಟೋ ಕಡೆ ಬಂಡವಾಳವನ್ನೂ ಒದಗಿಸಿದ್ದು ಕಳ್ಳಭಟ್ಟಿಯೇ.

ಎರಡನೆಯ ಮಹಾಯುದ್ಧ ಮುಗಿದಾಗ ಊರಿಗೆ ಮರಳಿದ ಯುವಕರ ಕೈಯಲ್ಲಿ ಯಂತ್ರದ ತಿಳಿವಳಿಕೆಯಿತ್ತು, ಜನರ ಜೇಬಿನಲ್ಲಿ ಖರ್ಚು ಮಾಡಲು ದುಡ್ಡಿತ್ತು. 1947ರಲ್ಲಿ ಒಂದರ ಹಿಂದೊಂದು ಟ್ರ್ಯಾಕುಗಳು ಎದ್ದವು. ಕಳ್ಳಭಟ್ಟಿಗೆ ದೇಶದಲ್ಲೇ ಹೆಸರಾಗಿದ್ದ ನಾರ್ತ್ ಕೆರೊಲಿನಾದ ವಿಲ್ಕ್ಸ್ ಕೌಂಟಿಯಲ್ಲಿ ಇನಾಕ್ ಸ್ಟೇಲಿ ಮತ್ತು ಜೊತೆಗಾರರು ನಾರ್ತ್ ವಿಲ್ಕ್ಸ್‌ಬರೋ ಸ್ಪೀಡ್‌ವೇಯನ್ನು ಆ ವರ್ಷದ ಮೇ ತಿಂಗಳಲ್ಲಿ ತೆರೆದರು. ನೆಲ ಸಮ ಮಾಡುವಷ್ಟು ದುಡ್ಡಿಲ್ಲದೆ ಇಳಿಜಾರನ್ನು ಇದ್ದಂತೆಯೇ ಬಿಟ್ಟದ್ದರಿಂದ ಅಲ್ಲಿ ಒಂದು ನೇರದಾರಿ ಇಳಿಯುತ್ತದೆ, ಎದುರಿನದು ಏರುತ್ತದೆ. ಇದೇ ಮುಂದೆ ಆ ಜಾಗದ ವಿಶೇಷವಾಯಿತು.

ಮಾರ್ಟಿನ್ಸ್‌ವಿಲ್ ಬಳಿ ಟ್ರ್ಯಾಕ್ ಕಟ್ಟಲು ಹೊರಟವರು ಪೆಟ್ರೋಲ್ ಬಂಕುಗಳ ವ್ಯವಹಾರದಲ್ಲಿದ್ದ ಎಚ್. ಕ್ಲೇ ಅರ್ಲ್ಸ್. ಉದ್ಘಾಟನೆಯ ಓಟ 1947ರ ಸೆಪ್ಟೆಂಬರ್ 7ರ ಭಾನುವಾರ ನಡೆಯಿತು. ಆ ಹೊತ್ತಿಗೆ ಸಿದ್ಧವಾಗಿದ್ದ ಆಸನಗಳು 750 ಮಾತ್ರ. ಟಿಕೆಟ್ ಕೊಂಡು ಬಂದವರು 6,013 ಮಂದಿ. ಚರ್ಚಿನಿಂದ ನೇರವಾಗಿ ಒಳ್ಳೆಯ ಬಟ್ಟೆಯಲ್ಲೇ ಬಂದಿದ್ದ ಗಂಡಸರು ಹೆಂಗಸರೆಲ್ಲ ಸಂಜೆಗೆ ಕೆಮ್ಮಣ್ಣಿನ ಧೂಳಿನಲ್ಲಿ ಮಿಂದು ಮನೆಗೆ ಹೋದರು. ಧೂಳು ಏಳದಂತೆ ಮಾಡುವುದೇ ಅರ್ಲ್ಸ್ ಅವರಿಗೆ ಮುಂದಿನ ಎಂಟು ವರ್ಷಗಳ ಚಿಂತೆಯಾಯಿತು. ಅಂದಿನ ಓಟ ಗೆದ್ದ ರಾಬರ್ಟ್ ‘ರೆಡ್’ ಬೈರನ್‌ಗೆ ಸಿಕ್ಕ ಬಹುಮಾನ 500 ಡಾಲರ್. ಬೈರನ್ ಯುದ್ಧದಲ್ಲಿ ಬಾಂಬರ್ ವಿಮಾನದಲ್ಲಿದ್ದಾಗ ಎಡಗಾಲಿಗೆ ಭಾರೀ ಪೆಟ್ಟು ತಿಂದಿದ್ದರು. ಕಾಲಿಗೆ ಕಟ್ಟಿದ ಲೋಹದ ಆಸರೆಯಿಂದ ಕ್ಲಚ್ ಒತ್ತಬೇಕಿತ್ತು. ಅವರ ಕಾರನ್ನು ಸಿದ್ಧಪಡಿಸುತ್ತಿದ್ದವರು ಅಟ್ಲಾಂಟಾದ ಮೆಕ್ಯಾನಿಕ್ ರೆಡ್ ವಾಟ್. ಒಡೆಯರು ರೇಮಂಡ್ ಪಾರ್ಕ್ಸ್, ಕಳ್ಳಭಟ್ಟಿ ವ್ಯಾಪಾರದಲ್ಲಿ ಮೇಲೆ ಬಂದವರು.

ನಾಸ್ಕಾರ್ ಎಂಬ ಸಂಸ್ಥೆ ಆಗಿನ್ನೂ ಇರಲಿಲ್ಲ. ಓಟ ಏರ್ಪಡಿಸುವವರು ಗೇಟಿನ ದುಡ್ಡು ಎತ್ತಿಕೊಂಡು ಓಟ ಮುಗಿಯುವ ಮೊದಲೇ ಪರಾರಿಯಾಗುವುದು, ಒಂದೊಂದು ಊರಿನಲ್ಲಿ ಒಂದೊಂದು ನಿಯಮ ಇರುವುದು ಆಗ ಮಾಮೂಲಾಗಿತ್ತು. ಇದಕ್ಕೊಂದು ಕಟ್ಟುಪಾಡು ತರಲು ಓಟಗಳ ಆಯೋಜಕ ಬಿಲ್ ಫ್ರಾನ್ಸ್ 1947ರ ಡಿಸೆಂಬರ್ 14ರಂದು ಡೇಟೋನಾ ಬೀಚಿನ ಸ್ಟ್ರೀಮ್‌ಲೈನ್ ಹೋಟೆಲಿನಲ್ಲಿ ಸಭೆ ಕರೆದರು. ಮರುವರ್ಷದ ಫೆಬ್ರವರಿಯಲ್ಲಿ ಸಂಸ್ಥೆ ನೋಂದಣಿಯಾಯಿತು. ಅಂಗಡಿಯಲ್ಲಿ ಮಾರುವ ಕಾರು ಹೇಗಿದೆಯೋ ಹಾಗೆಯೇ ಓಡಬೇಕು ಎಂಬ ‘ಸ್ಟ್ರಿಕ್ಟ್ಲಿ ಸ್ಟಾಕ್’ ವಿಭಾಗ 1949ರಲ್ಲಿ ಶುರುವಾಯಿತು. ಮೊದಲ ಓಟ ಜೂನ್ 19ರಂದು, ನಾರ್ತ್ ಕೆರೊಲಿನಾದ ಷಾರ್ಲೆಟ್ ನಗರದ ಮುಕ್ಕಾಲು ಮೈಲಿಯ ಮಣ್ಣಿನ ಟ್ರ್ಯಾಕಿನಲ್ಲಿ. ಗ್ಲೆನ್ ಡನವೇ ಓಡಿಸಿದ 1947ರ ಫೋರ್ಡ್ ಉಳಿದವರನ್ನು ಮೂರು ಸುತ್ತುಗಳಷ್ಟು ಹಿಂದೆ ಹಾಕಿ ಗೆದ್ದಿತು. ತಪಾಸಣೆಯಲ್ಲಿ ಹಿಂದಿನ ಸ್ಪ್ರಿಂಗುಗಳನ್ನು ಗಟ್ಟಿಮಾಡಿದ್ದು ಪತ್ತೆಯಾಯಿತು: ಅದು ಸಾರಾಯಿ ಸಾಗಿಸುವ ಕಾರು. ಡನವೇ ಅನರ್ಹರಾಗಿ, ಎರಡನೆಯ ಸ್ಥಾನದಲ್ಲಿದ್ದ ಜಿಮ್ ರೋಪರ್ ವಿಜೇತರಾದರು. ಕಾರಿನ ಒಡೆಯ ಕೋರ್ಟಿಗೆ ಹೋದರೂ ಮೊಕದ್ದಮೆ ನಿಲ್ಲಲಿಲ್ಲ. ನಿಯಮ ಮಾಡುವ, ಜಾರಿಗೆ ತರುವ ಅಧಿಕಾರ ಸಂಸ್ಥೆಗಿದೆ ಎಂಬುದು ಹೀಗೆ ಮೊದಲ ಓಟದಲ್ಲೇ ಗಟ್ಟಿಯಾಯಿತು. ಅದೇ ಸೆಪ್ಟೆಂಬರ್ 25ರಂದು ಈ ಸರಣಿ ಮಾರ್ಟಿನ್ಸ್‌ವಿಲ್‌ಗೆ ಬಂದಾಗ ಮತ್ತೆ ಗೆದ್ದವರು ರೆಡ್ ಬೈರನ್. ಮೊದಲ ಋತುವಿನ ಚಾಂಪಿಯನ್ ಪಟ್ಟವೂ ಅವರಿಗೇ ಸಂದಿತು.

ಮಣ್ಣಿನ ಟ್ರ್ಯಾಕಿನಲ್ಲಿ ಕಾರು ಓಡಿಸುವ ಬಗೆಯೇ ಬೇರೆ. ತಿರುವು ಬರುವ ಮೊದಲೇ ಚಾಲಕ ಕಾರನ್ನು ಬೇಕೆಂದೇ ಅಡ್ಡಕ್ಕೆ ಜಾರಿಸುತ್ತಾನೆ. ಹಿಂದಿನ ಗಾಲಿಗಳು ಹೊರಕ್ಕೆ ಎಳೆಯುತ್ತಿದ್ದಂತೆ ಸ್ಟೀರಿಂಗನ್ನು ಎದುರು ದಿಕ್ಕಿಗೆ ತಿರುಗಿಸಿ, ಆಕ್ಸಿಲರೇಟರ್ ಬಲದಿಂದಲೇ ಮೂತಿಯನ್ನು ಒಳಕ್ಕೆ ತರುತ್ತಾನೆ. ಬೆಳಗ್ಗೆ ನೀರು ಹೊಡೆದು ಹದ ಮಾಡಿದ ನೆಲ ಮಧ್ಯಾಹ್ನಕ್ಕೆ ಒಣಗಿ ಜಾರುತ್ತದೆ, ಗುಂಡಿ ಬೀಳುತ್ತದೆ. ಹತ್ತು ಸುತ್ತಿನ ಹಿಂದೆ ಇದ್ದ ದಾರಿ ಈಗ ಇರುವುದಿಲ್ಲ. ಈ ವಿದ್ಯೆಯಲ್ಲಿ ವಿಲ್ಕ್ಸ್ ಕೌಂಟಿಯ ಜೂನಿಯರ್ ಜಾನ್ಸನ್ ಅವರನ್ನು ಮೀರಿಸಿದವರು ವಿರಳ. ತಂದೆಯ ಭಟ್ಟಿಯ ಬಳಿ 1956ರಲ್ಲಿ ಸಿಕ್ಕಿಬಿದ್ದು ಒಹಾಯೊದ ಕೇಂದ್ರ ಕಾರಾಗೃಹದಲ್ಲಿ 11 ತಿಂಗಳು ಕಳೆದ ಈ ಚಾಲಕ ವೃತ್ತಿಯುದ್ದಕ್ಕೂ ಒಟ್ಟು 50 ಓಟ ಗೆದ್ದರು. ಆ ಹಳೆಯ ಅಪರಾಧವನ್ನು ಅಧ್ಯಕ್ಷ ರೇಗನ್ 1986ರ ಡಿಸೆಂಬರಿನಲ್ಲಿ ಕ್ಷಮಿಸಿದರು.

ಅರ್ಲ್ಸ್ 1955ರಲ್ಲಿ ಮಾರ್ಟಿನ್ಸ್‌ವಿಲ್‌ಗೆ ಡಾಂಬರು ಹಾಕಿಸಿದರು. ಮರುವರ್ಷ ಅಲ್ಲಿ ಮೊದಲ ಬಾರಿಗೆ 500 ಸುತ್ತುಗಳ ಓಟ ನಡೆಯಿತು. ಧೂಳಿನ ಕಾಟ ತಪ್ಪಿತು, ಆದರೆ ಹೊಸ ಸಮಸ್ಯೆ ಹುಟ್ಟಿತು. ಭಾರದ ಕಾರುಗಳು ಇಕ್ಕಟ್ಟಿನ ತಿರುವಿನಲ್ಲಿ ಒಂದೇ ಜಾಗದ ಮೇಲೆ ನೂರಾರು ಸಲ ತಿರುಚಿಕೊಂಡು ಹೋದಾಗ ಡಾಂಬರು ಹೋಳುಹೋಳಾಗಿ ಏಳುತ್ತಿತ್ತು. ಅದಕ್ಕೆ 1976ರಲ್ಲಿ ತಿರುವುಗಳ ಒಳಭಾಗಕ್ಕೆ ಕಾಂಕ್ರೀಟ್ ಹಾಕಲಾಯಿತು. ನೇರದಾರಿಯಲ್ಲಿ ಡಾಂಬರು, ತಿರುವಿನಲ್ಲಿ ಕಾಂಕ್ರೀಟ್ ಎಂಬ ಈ ಜೋಡಣೆ ಇಂದಿಗೂ ಹಾಗೆಯೇ ಇದೆ. ಒಂದರಿಂದ ಇನ್ನೊಂದಕ್ಕೆ ದಾಟುವಾಗ ಟೈರಿನ ಹಿಡಿತ ಬದಲಾಗುತ್ತದೆ.

ಇಲ್ಲಿನ ಓಟದಲ್ಲಿ ಎಂಜಿನ್ನಿಗಿಂತ ಬ್ರೇಕ್ ದೊಡ್ಡದು. ನೇರದಾರಿಯ ಕೊನೆಯಲ್ಲಿ ಗಂಟೆಗೆ 190 ಕಿ.ಮೀ. ಆಸುಪಾಸಿಗೆ ಏರುವ ವೇಗ ತಿರುವಿನ ಹೊಟ್ಟೆಯಲ್ಲಿ ಹೆಚ್ಚುಕಡಿಮೆ ಅರ್ಧಕ್ಕೆ ಇಳಿಯಬೇಕು. ಸುತ್ತಿಗೆ ಎರಡು ಬಾರಿಯಂತೆ 500 ಸುತ್ತಿಗೆ 1,000 ಬಾರಿ ಬ್ರೇಕು ಒತ್ತಬೇಕು. ಮಧ್ಯೆ ಆರಲು ಬಿಡುವಿಲ್ಲದ್ದರಿಂದ ಬ್ರೇಕಿನ ಲೋಹದ ತಟ್ಟೆಗಳು ಕಾದು ಕೆಂಪಗಾಗುತ್ತವೆ, ರಾತ್ರಿಯ ಓಟದಲ್ಲಿ ಗಾಲಿಯ ಒಳಗಿನ ಆ ಹೊಳಪು ದೂರದಿಂದಲೇ ಕಾಣುತ್ತದೆ. ಮೊದಲ ನೂರು ಸುತ್ತಿನಲ್ಲಿ ಬ್ರೇಕು ಸವೆಸಿಕೊಂಡವನು ಕೊನೆಯ ನೂರರಲ್ಲಿ ಗೋಡೆ ಮುಟ್ಟುತ್ತಾನೆ. 40 ಕಾರುಗಳನ್ನು ಒಂದರ ಬೆನ್ನಿಗೊಂದು ತಾಗಿಸಿ ನಿಲ್ಲಿಸಿದರೆ ಈ ಟ್ರ್ಯಾಕಿನ ಸುಮಾರು ಕಾಲುಭಾಗ ತುಂಬಿಹೋಗುತ್ತದೆ. ಹೀಗಾಗಿ ಮುಂಚೂಣಿಯಲ್ಲಿರುವವನು ಸ್ವಲ್ಪ ಹೊತ್ತಿಗೇ ಕೊನೆಯವರ ಬಾಲ ಹಿಡಿಯುತ್ತಾನೆ. ಆಮೇಲೆ ಇಡೀ ಮಧ್ಯಾಹ್ನ ದಟ್ಟಣೆಯ ನಡುವೆಯೇ ಓಟ.

ಒಳಗಿನ ದಾರಿ ಹತ್ತಿರದ್ದು. ಹೊರಗಿನಿಂದ ಸುತ್ತುಬಳಸಿ ದಾಟುವುದು ದುಬಾರಿ. ಆದ್ದರಿಂದ ಮುಂದಿನವನ ಹಿಂಬದಿ ಬಂಪರಿಗೆ ಮೆಲ್ಲಗೆ ತಾಗಿಸಿ, ಅವನು ಒಂದು ಗೇಣು ಹೊರಕ್ಕೆ ಸರಿದ ಕ್ಷಣದಲ್ಲಿ ಒಳಗೆ ನುಸುಳುವುದು ಸಣ್ಣ ಟ್ರ್ಯಾಕಿನ ಒಪ್ಪಿತ ವಿದ್ಯೆ. ವೇಗ ಕಡಿಮೆಯಿರುವುದರಿಂದ ಅಪಾಯ ಕಡಿಮೆ. ಎಷ್ಟು ತಾಗಿಸಿದರೆ ನ್ಯಾಯ, ಎಷ್ಟಾದರೆ ಅನ್ಯಾಯ ಎಂಬ ಗೆರೆಯನ್ನು ಯಾವ ನಿಯಮಪುಸ್ತಕವೂ ಬರೆದಿಲ್ಲ. ಚಾಲಕರ ನಡುವಿನ ನೆನಪೇ ಅದನ್ನು ಕಾಯುತ್ತದೆ, ಕೆಲವೊಮ್ಮೆ ಕ್ರೂರವಾಗಿ. 2015ರ ನವೆಂಬರ್ 1ರಂದು, ಕೆಲವೇ ವಾರಗಳ ಹಿಂದೆ ಕ್ಯಾನ್ಸಸ್‌ನಲ್ಲಿ ತನ್ನನ್ನು ತಿರುಗಿಸಿ ಹಾಕಿದ್ದ ಜೋಯಿ ಲೊಗಾನೊ ಮಾರ್ಟಿನ್ಸ್‌ವಿಲ್‌ನಲ್ಲಿ ಮುಂದಿದ್ದಾಗ, ಹಲವು ಸುತ್ತು ಹಿಂದಿದ್ದ ಮ್ಯಾಟ್ ಕೆನ್ಸೆತ್ ಲೊಗಾನೊ ಅವರ ಕಾರನ್ನು ಗೋಡೆಗೆ ಒತ್ತಿಬಿಟ್ಟರು. ಕೆನ್ಸೆತ್‌ಗೆ ಎರಡು ಓಟಗಳ ನಿಷೇಧ ಬಿತ್ತು. ಆ ದಿನದ ಗೆಲುವು ಜೆಫ್ ಗಾರ್ಡನ್‌ಗೆ ಒಲಿಯಿತು. ಅವರ ವೃತ್ತಿಯ 93ನೆಯ, ಕೊನೆಯ ಗೆಲುವು ಅದು.

ಗೆದ್ದವರಿಗೆ ಇಲ್ಲಿ ಕಪ್ ಕೊಡುವುದಿಲ್ಲ, ಆಳೆತ್ತರದ ಲೋಲಕದ ಗಡಿಯಾರ ಕೊಡುತ್ತಾರೆ. ಮಾರ್ಟಿನ್ಸ್‌ವಿಲ್ ಸುತ್ತಮುತ್ತಲ ಪ್ರದೇಶ ಮರದ ಪೀಠೋಪಕರಣ ತಯಾರಿಕೆಗೆ ಹೆಸರಾದದ್ದು. ಪಕ್ಕದ ರಿಜ್‌ವೇ ಊರಿನ ಹೆಸರಿನಲ್ಲೇ ಗಡಿಯಾರದ ಕಾರ್ಖಾನೆಯಿತ್ತು. ಕಪ್ ಮೂಲೆಯಲ್ಲಿ ಧೂಳು ತಿನ್ನುತ್ತದೆ, ಮನೆಯ ನಡುವೆ ನಿಂತು ಗಂಟೆ ಹೊಡೆಯುವ ವಸ್ತು ಕೊಟ್ಟರೆ ನೆನಪು ಉಳಿಯುತ್ತದೆ ಎಂಬುದು ಅರ್ಲ್ಸ್ ಅವರ ಯೋಚನೆಯಾಗಿತ್ತು. 1964ರ ಸೆಪ್ಟೆಂಬರ್ 27ರಂದು ಮೊದಲ ಗಡಿಯಾರ ಪಡೆದವರು ಫ್ರೆಡ್ ಲೊರೆನ್ಜೆನ್. ಇಲ್ಲಿ ಅತಿ ಹೆಚ್ಚು, 15 ಬಾರಿ, ಗೆದ್ದವರು ರಿಚರ್ಡ್ ಪೆಟಿ. ಅವರ ಮೊದಲ ಗೆಲುವುಗಳು ಗಡಿಯಾರಕ್ಕಿಂತ ಹಿಂದಿನವು. ಪ್ರೇಕ್ಷಕರ ಪಾಲಿಗೆ ಇಲ್ಲಿನ ಗುರುತು ಮೇಣದ ಕಾಗದದಲ್ಲಿ ಸುತ್ತಿಕೊಡುವ ಗುಲಾಬಿ ಬಣ್ಣದ ಹಾಟ್‌ಡಾಗ್. ಬೇರೆಡೆ ಬೆಲೆ ಗಗನಕ್ಕೇರಿದರೂ ಇದನ್ನು ಬಹುಕಾಲ ಎರಡು ಡಾಲರಿಗೇ ಮಾರಲಾಯಿತು. ಅರ್ಲ್ಸ್ ಟ್ರ್ಯಾಕನ್ನು ಒಂದು ಊರಮನೆಯಂತೆ ನಡೆಸಿದರು ಎನ್ನುವುದಕ್ಕೆ ಇವೆರಡೂ ಸಾಕ್ಷಿ.

ಆ ಮನೆಯ ಬಾಗಿಲು ಎಲ್ಲರಿಗೂ ಸಮನಾಗಿ ತೆರೆದಿರಲಿಲ್ಲ. ಮಾರ್ಟಿನ್ಸ್‌ವಿಲ್‌ನ ನೆರೆಯ ಪಟ್ಟಣವಾದ ಡ್ಯಾನ್‌ವಿಲ್‌ನಲ್ಲಿ 1921ರಲ್ಲಿ ಹುಟ್ಟಿದ ವೆಂಡೆಲ್ ಸ್ಕಾಟ್ ಕಪ್ಪುಜನಾಂಗದವರು. ಯುದ್ಧಕಾಲದಲ್ಲಿ ಸೈನ್ಯದ ಮೆಕ್ಯಾನಿಕ್, ಆಮೇಲೆ ಟ್ಯಾಕ್ಸಿ ಚಾಲಕ, ಜೊತೆಗೆ ಕಳ್ಳಭಟ್ಟಿ ಸಾಗಣೆ. 1952ರಲ್ಲಿ ಡ್ಯಾನ್‌ವಿಲ್ ಜಾತ್ರೆ ಮೈದಾನದ ಓಟದವರು ಜನರನ್ನು ಸೆಳೆಯಲು ಕಪ್ಪು ಚಾಲಕನೊಬ್ಬ ಬೇಕೆಂದು ಪೊಲೀಸರನ್ನು ವಿಚಾರಿಸಿದಾಗ ಅವರು ಹೇಳಿದ್ದು ಸ್ಕಾಟ್ ಹೆಸರನ್ನು. ಬೆನ್ನಟ್ಟಿದ ಅನುಭವ ಅವರಿಗಿತ್ತಲ್ಲ. ವರ್ಣಭೇದ ಕಾನೂನಾಗಿದ್ದ ನಾಡಿನಲ್ಲಿ, ಮೂದಲಿಕೆ ಬೆದರಿಕೆಗಳ ನಡುವೆ, ಹಳೆಯ ಕಾರುಗಳನ್ನು ತಾವೇ ರಿಪೇರಿ ಮಾಡಿಕೊಂಡು, ಮಕ್ಕಳನ್ನೇ ಪಿಟ್ಟಿನ ಕೆಲಸಕ್ಕೆ ಹಚ್ಚಿಕೊಂಡು ಅವರು ಓಡಿಸಿದರು. 1961ರಲ್ಲಿ ನಾಸ್ಕಾರ್‌ನ ಉನ್ನತ ದರ್ಜೆಗೆ ಕಾಲಿಟ್ಟು ಒಟ್ಟು 495 ಓಟಗಳಲ್ಲಿ ಸ್ಪರ್ಧಿಸಿದರು.

ಗೆದ್ದದ್ದು ಒಂದೇ. 1963ರ ಡಿಸೆಂಬರ್ 1ರಂದು ಫ್ಲಾರಿಡಾದ ಜಾಕ್ಸನ್‌ವಿಲ್‌ನ ಅರ್ಧ ಮೈಲಿಯ ಮಣ್ಣಿನ ಟ್ರ್ಯಾಕಿನಲ್ಲಿ, ಸುಮಾರು 25 ಸುತ್ತು ಉಳಿದಿರುವಾಗ ರಿಚರ್ಡ್ ಪೆಟಿಯವರನ್ನು ದಾಟಿ ಸ್ಕಾಟ್ ಮುಂದಾದರು. 200 ಸುತ್ತು ಮುಗಿಸಿದರೂ ಗೆಲುವಿನ ಬಾವುಟ ಬೀಳಲಿಲ್ಲ. ವಿಜೇತರೆಂದು ಘೋಷಿಸಿದ್ದು, ಟ್ರೋಫಿ ಕೊಟ್ಟದ್ದು ಬಕ್ ಬೇಕರ್‌ಗೆ. ಜನ ಚದುರಿದ ಮೇಲೆ ಎಣಿಕೆ ಸರಿಪಡಿಸಿ, ಸ್ಕಾಟ್ ಎರಡು ಸುತ್ತು ಮುಂದಿದ್ದರೆಂದು ಒಪ್ಪಿ ಬಹುಮಾನದ ಹಣ ಕೊಟ್ಟರು. ಸುತ್ತು ಎಣಿಸುವಲ್ಲಿ ತಪ್ಪುಗಳು ಆ ಕಾಲದಲ್ಲಿ ಅಪರೂಪವಲ್ಲ, ನಿಜ. ಆದರೆ ಬಿಳಿಯ ಹುಡುಗಿಯೊಬ್ಬಳು ಕಪ್ಪು ವಿಜೇತನಿಗೆ ಟ್ರೋಫಿ ಕೊಟ್ಟು ಮುತ್ತಿಡುವ ದೃಶ್ಯವನ್ನು ತಪ್ಪಿಸಲು ಹೀಗೆ ಮಾಡಿದರು ಎಂದು ಸ್ಕಾಟ್ ಕೊನೆಯವರೆಗೂ ನಂಬಿದ್ದರು. ಅಂದಿನ ದಕ್ಷಿಣವನ್ನು ಬಲ್ಲವರು ಆ ನಂಬಿಕೆಯನ್ನು ತಳ್ಳಿಹಾಕಲಾರರು. ಸ್ಕಾಟ್ 1990ರಲ್ಲಿ ತೀರಿಕೊಂಡರು. 2015ರಲ್ಲಿ ಅವರ ಹೆಸರು ನಾಸ್ಕಾರ್ ಹಾಲ್ ಆಫ್ ಫೇಮ್ ಸೇರಿತು. ಸಂಸ್ಥೆ ಅವರ ಮನೆಯವರಿಗೆ ಟ್ರೋಫಿ ಒಪ್ಪಿಸಿದ್ದು 2021ರ ಆಗಸ್ಟಿನಲ್ಲಿ, 58 ವರ್ಷ ತಡವಾಗಿ.

1950ರಲ್ಲಿ ಡಾರ್ಲಿಂಗ್ಟನ್, 1959ರಲ್ಲಿ ಎರಡೂವರೆ ಮೈಲಿಯ ಡೇಟೋನಾ ತೆರೆದ ಮೇಲೆ ದೊಡ್ಡ ಟ್ರ್ಯಾಕುಗಳ ಯುಗ ಆರಂಭವಾಯಿತು. ಆದರೂ 1960ರ ದಶಕದಲ್ಲಿ ಸರಣಿಯ ಬೆನ್ನೆಲುಬು ಸಣ್ಣ ಟ್ರ್ಯಾಕುಗಳೇ. 1964ರ ಋತುವಿನಲ್ಲಿ 62 ಓಟಗಳಿದ್ದವು. ವಾರದ ನಡುವೆ, ಬೇಸಿಗೆಯ ರಾತ್ರಿಗಳಲ್ಲಿ, ನೂರು ಮೈಲಿಯ ಚಿಕ್ಕ ಓಟಗಳಿಗಾಗಿ ಚಾಲಕರು ಊರಿಂದೂರಿಗೆ ಕಾರು ಎಳೆದುಕೊಂಡು ಹೋಗುತ್ತಿದ್ದರು. ವಿನ್ಸ್‌ಟನ್-ಸೇಲಂ ನಗರದ ಬೋಮನ್ ಗ್ರೇ ಕ್ರೀಡಾಂಗಣದಲ್ಲಿ ಫುಟ್‌ಬಾಲ್ ಮೈದಾನದ ಸುತ್ತ ಹಾಕಿದ ಕಾಲು ಮೈಲಿಯ ಡಾಂಬರು ದಾರಿಯಲ್ಲೂ 1958ರಿಂದ 1971ರವರೆಗೆ ಉನ್ನತ ದರ್ಜೆಯ ಓಟಗಳು ನಡೆದವು. ರಿಚರ್ಡ್ ಪೆಟಿಯವರ 100ನೆಯ ಗೆಲುವು 1969ರಲ್ಲಿ ಬಂದದ್ದು ಅಲ್ಲಿಯೇ.

ಈ ಜಗತ್ತನ್ನು ಒಡೆದದ್ದು ಟಿವಿ ಮತ್ತು ತಂಬಾಕು. 1971ರಿಂದ ಅಮೆರಿಕದ ಟಿವಿಯಲ್ಲಿ ಸಿಗರೇಟ್ ಜಾಹೀರಾತಿಗೆ ನಿಷೇಧ ಬಂತು. ಆ ದುಡ್ಡನ್ನು ಬೇರೆಲ್ಲಿ ಸುರಿಯಬೇಕೆಂದು ಹುಡುಕುತ್ತಿದ್ದ ಆರ್. ಜೆ. ರೆನಾಲ್ಡ್ಸ್ ಕಂಪನಿ ತನ್ನ ವಿನ್ಸ್‌ಟನ್ ಸಿಗರೇಟಿನ ಹೆಸರಿನಲ್ಲಿ ಸರಣಿಯ ಪ್ರಾಯೋಜಕತ್ವ ವಹಿಸಿತು. ದೊಡ್ಡ ಪ್ರಾಯೋಜಕನಿಗೆ ಬೇಕಾದದ್ದು ಕಡಿಮೆ ಓಟ, ದೊಡ್ಡ ಜನಸಂದಣಿ. 250 ಮೈಲಿಗಿಂತ ಚಿಕ್ಕ ಓಟಗಳನ್ನು ಪಟ್ಟಿಯಿಂದ ಕಿತ್ತುಹಾಕಲಾಯಿತು. 1971ರಲ್ಲಿ 48 ಇದ್ದ ಓಟಗಳು 1972ರಲ್ಲಿ 31ಕ್ಕೆ ಇಳಿದವು. ಮಣ್ಣು ಅದಕ್ಕೂ ಮೊದಲೇ ಹೋಗಿತ್ತು: 1970ರ ಸೆಪ್ಟೆಂಬರ್ 30ರಂದು ರಾಲಿ ನಗರದ ಜಾತ್ರೆ ಮೈದಾನದಲ್ಲಿ ಪೆಟಿ ಗೆದ್ದ ಓಟದ ನಂತರ ಅರ್ಧ ಶತಮಾನ ಈ ದರ್ಜೆಯ ಓಟ ಮಣ್ಣಿನ ಮೇಲೆ ನಡೆಯಲಿಲ್ಲ. ಮಾರ್ಟಿನ್ಸ್‌ವಿಲ್ ಉಳಿದುಕೊಂಡದ್ದಕ್ಕೆ ಲೆಕ್ಕವೇ ಕಾರಣ. ಅಲ್ಲಿನ 500 ಸುತ್ತು 263 ಮೈಲಿಯಾಗುತ್ತದೆ, ಗೆರೆಯಿಂದ 13 ಮೈಲಿ ಮೇಲೆ. ಹದಿನಾರು ವರ್ಷ ಹಿಂದೆ ಉದ್ದದ ಓಟಕ್ಕೆ ಅರ್ಲ್ಸ್ ಕೈಹಾಕಿದ್ದು ಈಗ ಕಾಯಿತು.

ಸಣ್ಣ ಟ್ರ್ಯಾಕೂ ಜೀವ ತೆಗೆಯದೆ ಬಿಟ್ಟಿಲ್ಲ. ಮಾಡಿಫೈಡ್ ವಿಭಾಗದಲ್ಲಿ ಒಂಬತ್ತು ಬಾರಿ ಚಾಂಪಿಯನ್ ಆದ ರಿಚೀ ಎವಾನ್ಸ್ 1985ರ ಅಕ್ಟೋಬರ್ 24ರಂದು ಮಾರ್ಟಿನ್ಸ್‌ವಿಲ್‌ನ ಅಭ್ಯಾಸದ ವೇಳೆ ಗೋಡೆಗೆ ಬಡಿದು ಮೃತಪಟ್ಟರು. ಕಾಕತಾಳೀಯವಾಗಿ ಅದೇ ತಾರೀಖಿನಂದು, 2004ರಲ್ಲಿ, ಇಲ್ಲಿನ ಓಟಕ್ಕೆ ಬರುತ್ತಿದ್ದ ಹೆಂಡ್ರಿಕ್ ತಂಡದ ವಿಮಾನ ಮಂಜು ಕವಿದ ಬುಲ್ ಮೌಂಟನ್‌ಗೆ ಅಪ್ಪಳಿಸಿ ಅದರಲ್ಲಿದ್ದ ಹತ್ತೂ ಮಂದಿ ಸತ್ತರು. ಅಂದು ಓಟ ಗೆದ್ದದ್ದು ಅದೇ ತಂಡದ ಜಿಮ್ಮಿ ಜಾನ್ಸನ್. ಚಾಲಕರಿಗೆ ಸುದ್ದಿ ತಿಳಿಸಿದ್ದು ಓಟ ಮುಗಿದ ಮೇಲೆ. ವಿಜಯದ ಸಂಭ್ರಮವನ್ನು ಕೈಬಿಡಲಾಯಿತು.

ಅರ್ಲ್ಸ್ 1999ರ ನವೆಂಬರಿನಲ್ಲಿ ತೀರಿಕೊಂಡರು. ಅವರ ಮನೆಯವರು 2004ರಲ್ಲಿ ಟ್ರ್ಯಾಕನ್ನು ಡೇಟೋನಾದ ಒಡೆತನ ಹೊಂದಿದ್ದ ಇಂಟರ್‌ನ್ಯಾಷನಲ್ ಸ್ಪೀಡ್‌ವೇ ಕಾರ್ಪೊರೇಷನ್‌ಗೆ ಮಾರಿದರು. ಬೆಲೆ ಸುಮಾರು 19 ಕೋಟಿ 20 ಲಕ್ಷ ಡಾಲರ್. ಅಷ್ಟು ಬೆಲೆ ಬಂದದ್ದು ನೆಲಕ್ಕಲ್ಲ, ವರ್ಷಕ್ಕೆ ಎರಡು ಉನ್ನತ ದರ್ಜೆಯ ಓಟ ನಡೆಸುವ ಅವಕಾಶಕ್ಕೆ. ಅದೇ ವರ್ಷಗಳಲ್ಲಿ ಸುತ್ತಲಿನ ಊರಿನ ಬಟ್ಟೆ ಗಿರಣಿಗಳು, ಪೀಠೋಪಕರಣ ಕಾರ್ಖಾನೆಗಳು ಒಂದೊಂದಾಗಿ ಬಾಗಿಲು ಹಾಕುತ್ತಿದ್ದವು. ಕೆಲಸ ಕಳೆದುಕೊಂಡ ಸಾವಿರಾರು ಜನರ ಆ ಸೀಮೆಯಲ್ಲಿ ವಸಂತ ಮತ್ತು ಶರತ್ತಿನ ಎರಡು ವಾರಾಂತ್ಯಗಳು ಹೋಟೆಲು, ಅಂಗಡಿಗಳಿಗೆ ದೊಡ್ಡ ಆಸರೆಯಾಗಿ ಉಳಿದವು.

ಓಟದ ಅವಕಾಶ ಕೈತಪ್ಪಿದರೆ ಏನಾಗುತ್ತದೆಂಬುದನ್ನು ನಾರ್ತ್ ವಿಲ್ಕ್ಸ್‌ಬರೋ ತೋರಿಸಿತು. ಇನಾಕ್ ಸ್ಟೇಲಿ 1995ರಲ್ಲಿ ತೀರಿಕೊಂಡ ಬಳಿಕ ಅದರ ಷೇರುಗಳನ್ನು ಬೇರೆ ಟ್ರ್ಯಾಕುಗಳ ಒಡೆಯರಾದ ಬ್ರೂಟನ್ ಸ್ಮಿತ್ ಮತ್ತು ಬಾಬ್ ಬಾರ್ ಕೊಂಡರು. ಕೊಂಡದ್ದು ನಡೆಸಲಿಕ್ಕಲ್ಲ, ಅಲ್ಲಿನ ಎರಡು ಓಟಗಳಲ್ಲಿ ಒಂದು ಟೆಕ್ಸಾಸಿಗೆ, ಇನ್ನೊಂದು ನ್ಯೂ ಹ್ಯಾಂಪ್‌ಶೈರಿಗೆ ಹೋಯಿತು. 1996ರ ಸೆಪ್ಟೆಂಬರ್ 29ರಂದು ಜೆಫ್ ಗಾರ್ಡನ್ ಗೆದ್ದದ್ದೇ ಕೊನೆಯ ಓಟ. ಮಧ್ಯೆ 2010ರ ಸುಮಾರಿಗೆ ಸ್ವಲ್ಪ ಕಾಲ ಬಾಗಿಲು ತೆರೆದದ್ದು ಬಿಟ್ಟರೆ ಕಾಲು ಶತಮಾನ ಆ ಟ್ರ್ಯಾಕ್ ಪಾಳುಬಿದ್ದಿತ್ತು. ಡಾಂಬರಿನ ಬಿರುಕುಗಳಲ್ಲಿ ಗಿಡ ಬೆಳೆದಿದ್ದವು. ಚಾಲಕ ಡೇಲ್ ಅರ್ನ್‌ಹಾರ್ಟ್ ಜೂನಿಯರ್ 2019ರಲ್ಲಿ ಕಳೆ ಕಿತ್ತಿಸಿ, ಕಂಪ್ಯೂಟರ್ ರೇಸಿಂಗ್ ಆಟದಲ್ಲಾದರೂ ಉಳಿಯಲಿ ಎಂದು ಆ ಟ್ರ್ಯಾಕಿನ ಅಳತೆ ತೆಗೆಸಿದರು. ಅದು ಜನರ ಗಮನ ಸೆಳೆಯಿತು. ಕೋವಿಡ್ ಪರಿಹಾರಕ್ಕೆಂದು ಕೇಂದ್ರ ಸರ್ಕಾರ ಕೊಟ್ಟ ನಿಧಿಯಿಂದ ನಾರ್ತ್ ಕೆರೊಲಿನಾ ರಾಜ್ಯ 1 ಕೋಟಿ 80 ಲಕ್ಷ ಡಾಲರ್ ತೆಗೆದಿಟ್ಟಿತು. 2022ರಲ್ಲಿ ಸ್ಥಳೀಯ ಓಟಗಳು ಮರಳಿದವು. 2023ರ ಮೇ 21ರಂದು ನಾಸ್ಕಾರ್‌ನ ಆಲ್-ಸ್ಟಾರ್ ಓಟ ಅಲ್ಲಿ ನಡೆದು ಕೈಲ್ ಲಾರ್ಸನ್ ಗೆದ್ದರು. ಸತ್ತ ಟ್ರ್ಯಾಕೊಂದು ಹೀಗೆ ಎದ್ದು ಕೂತದ್ದು ಈ ಚರಿತ್ರೆಯಲ್ಲಿ ಬಹಳ ಅಪರೂಪ. ಇನಾಕ್ ಸ್ಟೇಲಿಯಂಥವರು ಕಟ್ಟಿದ ಹತ್ತಾರು ಬೇರೆ ಟ್ರ್ಯಾಕುಗಳು ಕಾಡಾಗಿಯೋ ಬಡಾವಣೆಯಾಗಿಯೋ ಅಳಿದುಹೋಗಿವೆ.

ಮಾರ್ಟಿನ್ಸ್‌ವಿಲ್‌ಗೆ 2017ರಲ್ಲಿ ಎಲ್‌ಇಡಿ ದೀಪಗಳು ಬಂದವು. ಉನ್ನತ ದರ್ಜೆಯ ಮೊದಲ ರಾತ್ರಿ ಓಟ ನಡೆದದ್ದು 2020ರ ಜೂನ್ 10ರಂದು, ಕೋವಿಡ್ ಕಾರಣ ಖಾಲಿ ಆಸನಗಳ ಮುಂದೆ. ಜಾರ್ಜ್ ಫ್ಲಾಯ್ಡ್ ಹತ್ಯೆಯಿಂದ ದೇಶ ಕುದಿಯುತ್ತಿದ್ದ ದಿನಗಳವು. ಗುಲಾಮಗಿರಿಯ ಪರವಾಗಿ ಹೋರಾಡಿದ ದಕ್ಷಿಣದ ರಾಜ್ಯಗಳ ಕಾನ್ಫೆಡರೇಟ್ ಬಾವುಟ ದಶಕಗಳ ಕಾಲ ಈ ಓಟಗಳಲ್ಲಿ ಹಾರಾಡುತ್ತಿತ್ತು. ಆ ದಿನ ಓಟ ಶುರುವಾಗುವ ಕೆಲವು ಗಂಟೆ ಮೊದಲು ನಾಸ್ಕಾರ್ ಅದನ್ನು ತನ್ನೆಲ್ಲ ಟ್ರ್ಯಾಕುಗಳಲ್ಲಿ ನಿಷೇಧಿಸಿತು. ಹಾಗಾಗಬೇಕೆಂದು ಬಹಿರಂಗವಾಗಿ ಒತ್ತಾಯಿಸಿದ್ದ ಬಬ್ಬಾ ವಾಲೆಸ್ ಅಂದು ‘ಬ್ಲ್ಯಾಕ್ ಲೈವ್ಸ್ ಮ್ಯಾಟರ್’ ಎಂದು ಬರೆದ ಕಾರು ಓಡಿಸಿದರು. ವಾಲೆಸ್‌ಗೆ ಇದು ಹೊಸ ಜಾಗವಲ್ಲ. 2013ರ ಅಕ್ಟೋಬರಿನಲ್ಲಿ ಟ್ರಕ್ ಸರಣಿಯ ಓಟವನ್ನು ಇಲ್ಲೇ ಗೆದ್ದು, ವೆಂಡೆಲ್ ಸ್ಕಾಟ್ ಅವರ ಗೆಲುವಿನ ಅರ್ಧ ಶತಮಾನದ ನಂತರ ನಾಸ್ಕಾರ್‌ನ ರಾಷ್ಟ್ರೀಯ ಸರಣಿಯೊಂದರಲ್ಲಿ ಗೆದ್ದ ಮೊದಲ ಕಪ್ಪು ಚಾಲಕರಾಗಿದ್ದರು. ಮರುವರ್ಷ ಸ್ಕಾಟ್ ಅವರ 34ನೆಯ ಸಂಖ್ಯೆ ಹೊತ್ತು ಅದೇ ಓಟವನ್ನು ಮತ್ತೆ ಗೆದ್ದರು.

2022ರಲ್ಲಿ ಹೊಸ ಮಾದರಿಯ ಕಾರು ಬಂತು. ಅಗಲವಾದ ಟೈರು, ದೊಡ್ಡ ಬ್ರೇಕು, ಹಿಡಿತ ಹೆಚ್ಚು. ಇದರಿಂದ ಸಣ್ಣ ಟ್ರ್ಯಾಕುಗಳಿಗೆ ಒಳಿತಾಗಲಿಲ್ಲ. ಎಲ್ಲರಿಗೂ ಸರಿಯಾಗಿ ಬ್ರೇಕು ಹಿಡಿಯುವಂತಾದಾಗ ತಪ್ಪುಗಳು ಕಡಿಮೆಯಾದವು, ತಪ್ಪು ಕಡಿಮೆಯಾದಾಗ ದಾಟುವ ಅವಕಾಶವೂ ಕಡಿಮೆಯಾಯಿತು. ಮಾರ್ಟಿನ್ಸ್‌ವಿಲ್ ಓಟಗಳು ಸಪ್ಪೆಯಾದವೆಂಬ ದೂರು ಆಗ ಎದ್ದದ್ದು ನ್ಯಾಯವಾಗಿಯೇ ಇತ್ತು. ಅದೇ ವರ್ಷದ ಅಕ್ಟೋಬರ್ 30ರ ಓಟ ಮಾತ್ರ ಜಗತ್ತಿನ ಗಮನ ಸೆಳೆಯಿತು. ಪ್ರಶಸ್ತಿಯ ಅಂತಿಮ ಸುತ್ತಿಗೆ ಅರ್ಹತೆ ಪಡೆಯಲು ರಾಸ್ ಚಾಸ್ಟೇನ್‌ಗೆ ಕೊನೆಯ ಸುತ್ತಿನಲ್ಲಿ ಎರಡು ಸ್ಥಾನ ಮೇಲೇರುವುದು ಬೇಕಿತ್ತು. ಕೊನೆಯ ತಿರುವುಗಳಲ್ಲಿ ಅವರು ಬ್ರೇಕು ಒತ್ತುವ ಬದಲು ಕಾರನ್ನು ಹೊರಗೋಡೆಗೆ ಆನಿಸಿ, ಆಕ್ಸಿಲರೇಟರನ್ನು ಪೂರ್ತಿ ತುಳಿದು, ಗೋಡೆಯನ್ನೇ ಹಳಿಯಂತೆ ಬಳಸಿಕೊಂಡು ಹೋದರು. ಬಾಲ್ಯದಲ್ಲಿ ವಿಡಿಯೊ ಗೇಮಿನಲ್ಲಿ ಮಾಡುತ್ತಿದ್ದ ಚಮತ್ಕಾರವಂತೆ ಅದು. ಹತ್ತನೆಯ ಸ್ಥಾನದಲ್ಲಿದ್ದವರು ಐದನೆಯವರಾಗಿ ಗೆರೆ ದಾಟಿದರು. ಆ ಸುತ್ತಿಗೆ ಹಿಡಿದ ಸಮಯ 18.845 ಸೆಕೆಂಡ್, 2014ರಲ್ಲಿ ಲೊಗಾನೊ ಮಾಡಿದ್ದ 18.898ರ ಅರ್ಹತಾ ದಾಖಲೆಗಿಂತಲೂ ಕಡಿಮೆ. ಗೋಡೆ ಪ್ರೇಕ್ಷಕರಿಗೆ ಹತ್ತಿರವಿರುವ ಇಂಥ ಜಾಗದಲ್ಲಿ ಅದು ಮರುಕಳಿಸಿದರೆ ಆಗಬಹುದಾದ ಅನಾಹುತವನ್ನು ಗಮನಿಸಿ, ಮುಂದೆ ಹೀಗೆ ಮಾಡಿದವರಿಗೆ ದಂಡ ವಿಧಿಸುವುದಾಗಿ ನಾಸ್ಕಾರ್ 2023ರ ಆರಂಭದಲ್ಲಿ ಪ್ರಕಟಿಸಿತು.

ಉನ್ನತ ದರ್ಜೆಯ ಎರಡು ಓಟಗಳ ಹೊರತಾಗಿ ಶರತ್ಕಾಲದಲ್ಲಿ ಮಾರ್ಟಿನ್ಸ್‌ವಿಲ್‌ನಲ್ಲಿ ಲೇಟ್ ಮಾಡೆಲ್ ಕಾರುಗಳ ಓಟವೂ ನಡೆಯುತ್ತದೆ. ವಾರವಿಡೀ ಬೇರೆ ಕೆಲಸ ಮಾಡಿಕೊಂಡು ಸಂಜೆ ಗ್ಯಾರೇಜಿನಲ್ಲಿ ಕಾರು ಸಿದ್ಧಪಡಿಸುವ ವರ್ಜೀನಿಯಾ, ಕೆರೊಲಿನಾಗಳ ಸ್ಥಳೀಯ ಚಾಲಕರಿಗೆ ಅದೇ ವರ್ಷದ ದೊಡ್ಡ ಓಟ. ಸ್ಥಾನಗಳಿಗಿಂತ ಅರ್ಜಿದಾರರು ಹೆಚ್ಚಾಗುವುದರಿಂದ ಮೊದಲು ಅರ್ಹತಾ ಓಟಗಳನ್ನು ನಡೆಸಿ ಆರಿಸುತ್ತಾರೆ. ಮುಖ್ಯ ಓಟ ಗೆದ್ದವರಿಗೆ ಕೊಡುವುದೂ ಅದೇ ಆಳೆತ್ತರದ ಗಡಿಯಾರವನ್ನೇ.